ವರ್ಷಕ್ಕೊಮ್ಮೆ ಹಾಕುವ ಬೀಗ

ನನ್ನ ಮೇಜಿನ ಮೇಲೆ ಒಂದು ಹಳೆಯ ಹಿತ್ತಾಳೆ ಬೀಗವಿದೆ. ಅಂಗೈ ಅಗಲದ್ದು, ಎತ್ತಿದರೆ ಮಣಿಕಟ್ಟು ಬಾಗುವಷ್ಟು ಭಾರ. ತಿದ್ದಲು ತಂದ ಉತ್ತರಪತ್ರಿಕೆಗಳು ಫ್ಯಾನಿನ ಗಾಳಿಗೆ ಹಾರದಿರಲಿ ಎಂದು ಅದನ್ನು ಮೇಲೆ ಹೇರುತ್ತೇನೆ. ನನ್ನ ಮಗಳು ಅದರಲ್ಲಿ ಬಾದಾಮಿ ಒಡೆಯುತ್ತಾಳೆ. ನಮ್ಮ ಯಜಮಾನರು ಅದನ್ನು ತೋರಿಸಿ, ನಿನ್ನ ತವರಿನಿಂದ ಬಂದ ಒಡವೆ ಎಂದರೆ ಇದೊಂದೇ ಎಂದು ಹಂಗಿಸುತ್ತಾರೆ. ಮನೆಗೆ ಬಂದವರು ಕೈಗೆತ್ತಿಕೊಂಡು, ಆಂಟಿಕ್ಕಾ ಎಂದು ಕೇಳುತ್ತಾರೆ. ಹೌದು ಎಂದುಬಿಡುತ್ತೇನೆ. ನಿಜ ಹೇಳಲು ಹೊರಟರೆ ಅವರ ಕಾಫಿ ಆರಿಹೋಗುತ್ತದೆ. ನೀವು ಹೇಗೂ ಓದುತ್ತ ಕುಳಿತಿದ್ದೀರಿ, ನಿಮ್ಮ ಕಾಫಿಯ ಜವಾಬ್ದಾರಿ ನನ್ನದಲ್ಲ. ಆದ್ದರಿಂದ ಹೇಳುತ್ತೇನೆ.

ನಮ್ಮೂರು ನಂಜನಗೂಡಿನಿಂದ ತಿ. ನರಸೀಪುರದ ಕಡೆಗೆ ಹೋಗುವ ದಾರಿಯಲ್ಲಿದೆ. ಹೆಸರು ಹೇಳುವುದಿಲ್ಲ, ಊರಿನವರು ಕೋಪಿಷ್ಠರು. ಹಳ್ಳಿ ಎಂದರೆ ಅವರಿಗೆ ಅವಮಾನ, ಪಟ್ಟಣ ಎಂದರೆ ಕೇಳಿದವರಿಗೆ ನಗು. ಸಂತೆಯ ದಿನ ಮಾತ್ರ ಪಟ್ಟಣ, ಉಳಿದ ದಿನ ಎಮ್ಮೆಗಳು ಬಸ್‌ಸ್ಟ್ಯಾಂಡಿನಲ್ಲಿ ಮಲಗಿರುತ್ತವೆ. ಅಲ್ಲಿ ಹೊಸಬೀದಿ ಎಂಬ ಬೀದಿಯಲ್ಲಿ ನಮ್ಮ ಮನೆ. ಹೊಸಬೀದಿಯ ಪ್ರಾಯ ನೂರು ವರ್ಷ. ನಮ್ಮೂರಿನಲ್ಲಿ ಒಮ್ಮೆ ಹೊಸತು ಎಂದು ಹೆಸರಿಟ್ಟರೆ ಅದು ಹೊಸತೇ. ಹಾಗೆಯೇ ಊರಾಚೆ, ಹಳ್ಳದ ಮೋರಿ ದಾಟಿದರೆ, ಶೆಡ್ಡು ಎಂಬ ಕೇರಿಯಿದೆ. ಅಲ್ಲಿ ಈಗ ಒಂದು ಶೆಡ್ಡೂ ಇಲ್ಲ, ಹೆಂಚಿನ ಮನೆಗಳು, ಶೀಟಿನ ಮನೆಗಳು ಇವೆ. ಆದರೂ ಅದು ಶೆಡ್ಡೇ, ಅಲ್ಲಿಯವರು ಶೆಡ್ಡಿನವರೇ.

ನಮ್ಮ ಮನೆಗೆ ಬೀಗ ಹಾಕುವ ಪದ್ಧತಿ ಇರಲಿಲ್ಲ. ಅಪ್ಪ ಬೆಲ್ಲದ ಮಂಡಿಗೆ ಹೋದರೆ ಅಮ್ಮ ಒಳಗಿರುತ್ತಿದ್ದಳು, ಅಮ್ಮ ಮಠಕ್ಕೆ ಹೋದರೆ ಅಜ್ಜಿ ಪಡಸಾಲೆಯಲ್ಲಿ ಕಾಲು ಚಾಚಿ ಕುಳಿತಿರುತ್ತಿದ್ದಳು. ನೆಂಟರ ಮದುವೆಗೆ ಎಲ್ಲರೂ ಹೊರಟರೂ ಅಜ್ಜಿ ಮಂಡಿನೋವಿನ ನೆಪ ಹೇಳಿ ಉಳಿಯುತ್ತಿದ್ದಳು. ಮಂಡಿಗಿಂತ ಮನೆಯ ಮೇಲೆ ಅವಳಿಗೆ ಚಿಂತೆ. ಆ ದೊಡ್ಡ ಬೀಗ ಅಟ್ಟದಿಂದ ಕೆಳಗಿಳಿಯುತ್ತಿದ್ದುದು ವರ್ಷಕ್ಕೆ ಒಂದೇ ದಿನ, ಹೊರಬೀಡಿನ ದಿನ.

ಹೊರಬೀಡು ಎಂದರೆ ಇಡೀ ಊರು ಊರನ್ನು ಬಿಟ್ಟು ಹೋಗುವುದು. ಆಷಾಢದ ಒಂದು ಮಂಗಳವಾರ ಸೂರ್ಯ ಹುಟ್ಟುವ ಮೊದಲೇ ಒಲೆಯ ಬೂದಿ ಬಳಿದು, ದನಕರು ಬಿಚ್ಚಿಕೊಂಡು, ಮನೆಗೆ ಬೀಗ ಹಾಕಿ ಎಲ್ಲರೂ ಕಪಿಲೆಯ ಕಡೆಯ ಮಾವಿನ ತೋಪಿಗೆ ಹೋಗಬೇಕು. ಅಲ್ಲೇ ಅಡುಗೆ, ಊಟ, ನಿದ್ದೆ. ಸೂರ್ಯ ಮುಳುಗಿದ ಮೇಲೆ ವಾಪಸ್ಸು. ಆ ಹೊತ್ತಿನಲ್ಲಿ ಊರೊಳಗೆ ಯಾರ ಒಲೆಯೂ ಉರಿಯಬಾರದು, ಯಾರೂ ಇರಬಾರದು. ಪ್ಲೇಗಮ್ಮ ಒಬ್ಬಳೇ ಬೀದಿಬೀದಿ ತಿರುಗಿ ನೋಡುತ್ತಾಳೆ, ಯಾರೂ ಕಾಣದಿದ್ದರೆ ಇಲ್ಲಿ ನನಗೇನು ಕೆಲಸ ಎಂದು ಮುಂದಿನ ಊರಿಗೆ ಹೋಗುತ್ತಾಳೆ. ಮುಂದಿನ ಊರಿನವರ ಗತಿ ಏನು ಎಂದು ನಾನು ಕೇಳಿದ್ದಕ್ಕೆ ಅಜ್ಜಿ, ಅವರೂ ಹೊರಬೀಡು ಮಾಡಲಿ, ಯಾರು ಬೇಡ ಅಂದರು ಎಂದಿದ್ದಳು.

ನಮಗೆ ಮಕ್ಕಳಿಗೆ ರೋಗವೂ ಗೊತ್ತಿಲ್ಲ, ಪ್ಲೇಗಮ್ಮನೂ ಗೊತ್ತಿಲ್ಲ. ಸೋಸಲೆಯಿಂದ ಬರುತ್ತಿದ್ದ ಚಿಕ್ಕಮ್ಮ ಅದನ್ನು ಪಿಕ್ನಿಕ್ಕು ಎಂದೇ ಕರೆಯುತ್ತಿದ್ದಳು. ಅಪ್ಪ ಬದನವಾಳಿನ ಖಾದಿ ಟವಲನ್ನು ತಲೆಗೆ ಸುತ್ತಿ ಪಾತ್ರೆಗಳ ಗಾಡಿಯ ಮುಂದೆ ನಡೆಯುತ್ತಿದ್ದರು. ಅಣ್ಣ ರೇಡಿಯೋ ಹಿಡಿದುಕೊಂಡರೆ ನನ್ನ ಪಾಲಿಗೆ ಚಪಾತಿ ಮಣೆ. ತೋಪಿನಲ್ಲಿ ಎಲ್ಲರ ಅಡುಗೆಯೂ ಎಲ್ಲರಿಗೂ ಕಾಣುತ್ತಿದ್ದುದರಿಂದ ಹೆಂಗಸರು ಮೇಲುಮೇಲೆ ನಗುತ್ತ ಒಳಗೊಳಗೆ ಪಂದ್ಯ ಕಟ್ಟಿ ಬೇಯಿಸುತ್ತಿದ್ದರು. ನಮ್ಮಮ್ಮನ ಒಬ್ಬಟ್ಟು ಪ್ರತಿ ವರ್ಷವೂ ಹರಿಯುತ್ತಿತ್ತು. ಮನೆಯಲ್ಲಿ ಅದು ಹರಿಯುವುದಿಲ್ಲ ಎಂದು ಅವಳು ಪ್ರತಿ ವರ್ಷವೂ ಹೇಳುತ್ತಿದ್ದಳು.

ಬೀಗದ ಕೈಯನ್ನು ಮಾತ್ರ ತೋಪಿಗೆ ಒಯ್ಯುವಂತಿರಲಿಲ್ಲ. ಬೀಗದ ಕೈ ಸೊಂಟದಲ್ಲಿದ್ದರೆ ಮನೆ ಬಿಟ್ಟ ಹಾಗೆ ಆಯಿತೇ ಎಂಬುದು ಹಿರಿಯರ ತರ್ಕ. ಹಾಗಾದರೆ ಯಾರಿಗೆ ಕೊಡುವುದು? ಶೆಡ್ಡಿನವರಿಗೆ. ನಮ್ಮ ಬೀದಿಯ ಒಂದೊಂದು ಮನೆಗೂ ಶೆಡ್ಡಿನ ಒಂದೊಂದು ಮನೆ ನಂಟು. ವರ್ಷವಿಡೀ ನಮ್ಮ ಬೀದಿ ಗುಡಿಸುವವರು, ಸತ್ತ ದನ ಎಳೆಯುವವರು, ಸಾವಿಗೆ ತಮಟೆ ಬಡಿಯುವವರು ಅವರೇ. ನಮ್ಮ ಮನೆಗೆ ಬರುತ್ತಿದ್ದವಳು ನಿಂಗಮ್ಮ. ಕೊಟ್ಟಿಗೆಯ ಸಗಣಿ ಬಾಚಿ, ಹಿತ್ತಿಲಿನಿಂದಲೇ ಹೋಗುತ್ತಿದ್ದ ಹೆಂಗಸು. ಹೊರಬೀಡಿನ ಬೆಳಿಗ್ಗೆ ಅವಳು ಮುಂಬಾಗಿಲಿಗೆ ಬರುತ್ತಿದ್ದಳು. ಅಜ್ಜಿ ಬೀಗ ಹಾಕಿ, ಬೀಗದ ಕೈಯನ್ನು ಜಗಲಿಯ ಅಂಚಿನಲ್ಲಿ ಇಡುತ್ತಿದ್ದಳು. ನಿಂಗಮ್ಮ ಅದನ್ನೆತ್ತಿ ಸೆರಗಿನ ತುದಿಗೆ ಗಂಟು ಹಾಕಿಕೊಳ್ಳುತ್ತಿದ್ದಳು. ಸಂಜೆ ನಾವು ಬಂದಾಗ ಅದೇ ಅಂಚಿನಲ್ಲಿ ಇಟ್ಟು, ಪ್ರತಿ ವರ್ಷವೂ ಅದೇ ಮಾತು ಹೇಳುತ್ತಿದ್ದಳು.

"ತಕ್ಕಳಿ ಅಮ್ಮಾವ್ರೆ, ಒತ್ತು ಮುಳುಗ್ತು. ನಿಮ್ಮೂರು ನಿಮ್ಗೆ."

ಊರಲ್ಲಿ ಯಾರೂ ಇರಬಾರದು ಎಂದ ಮೇಲೆ ಶೆಡ್ಡಿನವರು ಹೇಗಿರಬಹುದು ಎಂಬ ಪ್ರಶ್ನೆ ನನಗೆ ಬಹಳ ವರ್ಷ ಹೊಳೆಯಲೇ ಇಲ್ಲ. ಹೊಳೆದಾಗ ಕೇಳಿದೆ. ಅಜ್ಜಿ, ಅವರು ಊರಿನವರಲ್ಲವಲ್ಲ ಎಂದಳು. ಹಾಗಾದರೆ ಅವರು ತಮ್ಮ ಮನೆಯಲ್ಲೇ ಇರಬಹುದಲ್ಲ ಎಂದೆ. ಅದೆಂಥದು, ರೋಗ ಅವರನ್ನು ಬಿಡುತ್ತದೆಯೇ, ಅವರೂ ಹೊರಗೆ ಹೋಗಬೇಕು ಎಂದಳು. ಅವರಿಗೆ ಹೊರಗು ಎಂದರೆ ಯಾವುದು? ಅಜ್ಜಿ ಎಲೆಯಡಿಕೆಯನ್ನು ದವಡೆಗೆ ಒತ್ತಿಕೊಂಡಳು. ಇನ್ಯಾವುದು, ನಾವು ಬಿಟ್ಟುಬಂದ ಊರು ಎಂದಳು. ಅವಳ ದನಿಯಲ್ಲಿ ತಪ್ಪೂ ಇರಲಿಲ್ಲ, ಸರಿಯೂ ಇರಲಿಲ್ಲ, ಆಷಾಢದಲ್ಲಿ ಗಾಳಿ ಬೀಸುತ್ತದೆ ಎಂದಷ್ಟೇ ಸಹಜವಾಗಿ ಹೇಳಿದಳು.

ಈ ಮಾತಿಗಿಂತ ಎಷ್ಟೋ ಮೊದಲೇ ಆ ಊರನ್ನು ನಾನು ನೋಡುವಂತೆ ಮಾಡಿದ್ದು ನಮ್ಮ ಬೆಕ್ಕು. ಊರು ಬಿಡುವಾಗ ಬೆಕ್ಕನ್ನೂ ಬಿಡುವಂತಿಲ್ಲ. ಗೋಣಿಚೀಲದಲ್ಲಿ ತುಂಬಿ ಗಾಡಿಗೆ ಹಾಕಿದರೆ ತೋಪು ತಲುಪುವಷ್ಟರಲ್ಲಿ ಚೀಲ ಖಾಲಿ. ತೊಂಬತ್ತರ ದಶಕದ ಮೊದಲ ವರ್ಷಗಳವು, ನಾನಿನ್ನೂ ಪ್ರೈಮರಿ ಶಾಲೆಯವಳು. ಬೆಕ್ಕಿನಿಂದ ಪ್ಲೇಗಮ್ಮ ನಮ್ಮ ಮನೆ ಗುರುತು ಹಿಡಿದರೆ ಎಂದು ಹೆದರಿ, ಊಟವಾದ ಮೇಲೆ ದೊಡ್ಡವರು ಮಲಗಿದ್ದಾಗ ಅದನ್ನು ಹುಡುಕಿಕೊಂಡು ಒಬ್ಬಳೇ ಊರಿಗೆ ಹೊರಟೆ. ಆ ವಯಸ್ಸಿನಲ್ಲಿ ನನಗೆ ಊರನ್ನೇ ಕಾಪಾಡುತ್ತಿದ್ದೇನೆಂಬ ಜಂಬ. ಅರ್ಧ ದಾರಿಯಲ್ಲಿ ಚಪ್ಪಲಿಯ ಉಂಗುಷ್ಠ ಕಿತ್ತುಹೋಗಿ, ಕಾಪಾಡುವವಳು ಬರಿಗಾಲಲ್ಲಿ ಕುಂಟುತ್ತ ಊರು ಸೇರಿದಳು.

ಹೊಸಬೀದಿ ಖಾಲಿಯಿರುತ್ತದೆ ಎಂದುಕೊಂಡಿದ್ದೆ. ಅಲ್ಲಿ ಸಂತೆಯಷ್ಟು ಜನ. ನಮ್ಮ ಎದುರುಮನೆಯ ಜಗಲಿಯ ಕೆಳಗಿನ ನೆರಳಿನಲ್ಲಿ ಶೆಡ್ಡಿನ ಮುದುಕರು ಕಾಲುಚಾಚಿ ಮಲಗಿದ್ದರು. ಹುಡುಗರು ಬೀದಿಯ ನಡುವೆ ಗೋಲಿ ಆಡುತ್ತಿದ್ದರು. ಹೆಂಗಸರು ಒಬ್ಬರ ಹಿಂದೊಬ್ಬರು ಕುಳಿತು ಹೇನು ನೋಡುತ್ತಿದ್ದರು. ಬೀದಿಯ ನಲ್ಲಿಯಲ್ಲಿ ಕೊಡಗಳು ತುಂಬುತ್ತಿದ್ದವು. ಊರಿಗೆ ಬಂದವಳು ನೀರಿಗೆ ಬಾರದಿರುತ್ತಾಳೆಯೇ ಎಂಬ ಗಾದೆ ನಮ್ಮೂರಿನಲ್ಲಿ ವರ್ಷಕ್ಕೊಂದು ದಿನ ಮಾತ್ರ ನಿಜವಾಗುತ್ತಿತ್ತು. ಉಳಿದ ದಿನ ಅವರಿಗೆ ಮೋರಿಯ ಪಕ್ಕದ ಬೋರಿನ ಉಪ್ಪುನೀರು. ನಲ್ಲಿಗೆ ಬರಬೇಡಿ ಎಂದು ಅವರಿಗೆ ಯಾರೂ ಹೇಳಿರಲಿಲ್ಲ, ಬನ್ನಿ ಎಂದೂ ಹೇಳಿರಲಿಲ್ಲ.

ನಮ್ಮ ಮನೆಯೆದುರು, ಜಗಲಿಗೆ ಎರಡು ಮಾರು ದೂರದಲ್ಲಿ, ನಿಂಗಮ್ಮ ಮೂರು ಕಲ್ಲು ಹೂಡಿ ಹುರುಳಿಕಾಳು ಸಾರು ಕುದಿಸುತ್ತಿದ್ದಳು. ಅವಳ ಮಗ ಶಿವರಾಜು ನನ್ನದೇ ತರಗತಿಯವನು. ಅವನು ಒಲೆಯ ಪಕ್ಕ ಕುಳಿತು ನಮ್ಮ ಬೆಕ್ಕಿಗೆ ಒಣಮೀನು ತಿನ್ನಿಸುತ್ತಿದ್ದ. ವಿಭೂತಿ ಹಚ್ಚುವ ಮನೆಯ ಬೆಕ್ಕು, ಕಣ್ಣುಮುಚ್ಚಿ ಜಗಿಯುತ್ತಿತ್ತು. ಅದು ಪ್ರತಿ ವರ್ಷ ಯಾಕೆ ಚೀಲದಿಂದ ಮಾಯವಾಗುತ್ತದೆ, ಹೊರಬೀಡಾದ ಮೇಲೆ ಒಂದು ವಾರ ಯಾಕೆ ನಮ್ಮ ಹಾಲನ್ನವನ್ನು ಮೂಸಿಯೂ ನೋಡುವುದಿಲ್ಲ ಎಂಬುದು ಆಗ ತಿಳಿಯಿತು.

ನಿಂಗಮ್ಮ ನನ್ನನ್ನು ನೋಡಿ ಗಾಬರಿಯಾದಳು.

"ಕೂಸೆ, ನೀ ಯಾಕ್ ಬಂದೆ? ಇವತ್ತು ನೀನು ಬರ್ಬಾರ್ದು ಕಣವ್ವ."

ನನ್ನ ಬೀದಿಯಲ್ಲಿ ನಿಂತು ನಾನು ಆ ಮಾತು ಕೇಳಿದ್ದು ಅದೊಂದೇ ಸಲ. ಅಳು ಬಂತು. ಅವಳು ಸಮಾಧಾನ ಮಾಡಿ, ಬೆಕ್ಕನ್ನು ಹಿಡಿಯುವವರೆಗೆ ಕೂತಿರು ಎಂದಳು. ಕೂತೆ. ಮಕ್ಕಳಿಗೆ ಅಳು ನಿಂತ ಕೂಡಲೇ ಪ್ರಶ್ನೆ ಹುಟ್ಟುತ್ತದೆ. ಬೀದಿಯಲ್ಲಿ ಇಷ್ಟು ಜಾಗ ಇರುವಾಗ ಇಲ್ಲೇ ಯಾಕೆ ಒಲೆ ಹೂಡಿದೆ, ನಮ್ಮ ಮನೆ ಕಾಯುವುದಕ್ಕಾ ಎಂದೆ. ನಿಂಗಮ್ಮ ಸೌಟಿನಿಂದ ನಮ್ಮ ಬಾಗಿಲ ಕಡೆ ತೋರಿಸಿದಳು.

"ನಮ್ಮವ್ವನ ಅವ್ವ ಒಲೆ ಊಡಿದ್ದು ಅಲ್ಲಿ ಕಣೆ, ನಿಮ್ ಪಡಸಾಲೆ ಅಡೀಲಿ. ಒಳಕ್ ಬರಂಗಿಲ್ವಲ್ಲ. ಅದ್ಕೆ ಎಷ್ಟ್ ಅತ್ರ ಆಯ್ತದೋ ಅಷ್ಟ್ ಅತ್ರಕ್ ಊಡ್ಕಂಡಿವ್ನಿ."

ಪಡಸಾಲೆಯ ಅಡಿಯಲ್ಲಿ ಒಲೆ ಹೇಗಿರುತ್ತದೆ ಎಂದು ನನಗೆ ಅರ್ಥವಾಗಲಿಲ್ಲ. ಆ ರಾತ್ರಿ ಮಲಗುವಾಗ ನೆಲಕ್ಕೆ ಕೈಯಿಟ್ಟು ಬಿಸಿ ಇದೆಯೇ ಎಂದು ನೋಡಿದ್ದು ನೆನಪಿದೆ. ಕೆಂಪು ಗಾರೆಯ ನೆಲ ತಣ್ಣಗಿತ್ತು.

ಅಜ್ಜಿಯನ್ನು ಪೀಡಿಸಿ ಕಥೆ ಹೊರಡಿಸಿದೆ. ಅದು ಅವಳ ಅತ್ತೆ ಹೇಳಿದ್ದು. ಆಗ ಇಲಿ ಬೀಳುತ್ತಿದ್ದವು, ಇಲಿ ಬಿದ್ದ ಮನೆಯಲ್ಲಿ ಜನ ಬೀಳುತ್ತಿದ್ದರು. ನಮ್ಮದು ಮಹಾರಾಜರ ಸೀಮೆ, ಆದರೂ ರೋಗದ ಉಸ್ತುವಾರಿಗೆ ಬಂದವನು ಒಬ್ಬ ಬಿಳಿಯ ದೊರೆ. ಕುದುರೆಯ ಮೇಲೆ ಮೂಗಿಗೆ ಕರವಸ್ತ್ರ ಹಿಡಿದು ಊರು ಸುತ್ತಿದ. ವ್ಯಾಪಾರದವರನ್ನು ತೋಪಿಗೆ ಕಳಿಸಿದ. ಊರ ನಡುವೆ ಕೋಟೆಕಂದಕದ ಪಕ್ಕ ಇದ್ದ ಕೇರಿಯನ್ನು ನೋಡಿ, ಇಲ್ಲಿ ಗಾಳಿ ಕೆಟ್ಟಿದೆ ಎಂದು ಗುಡಿಸಲುಗಳಿಗೆ ಬೆಂಕಿ ಹಾಕಿಸಿದ. ಅಲ್ಲಿದ್ದವರನ್ನು ಹಳ್ಳದಾಚೆ ತಗಡಿನ ಶೆಡ್ಡುಗಳಿಗೆ ಸಾಗಿಸಿದ, ರೋಗ ಮುಗಿಯುವವರೆಗೆ ಮಾತ್ರ ಎಂದು. ಸುಟ್ಟ ಜಾಗದಲ್ಲಿ ಹಗ್ಗ ಹಿಡಿದು, ಗೂಟ ಹೊಡೆದು, ನೇರವಾದ ಅಗಲವಾದ ಬೀದಿ ಎಳೆಸಿದ. ಆ ಬೀದಿಯ ನಿವೇಶನಗಳನ್ನು ಹರಾಜಿನಲ್ಲಿ ಕೊಂಡವರಲ್ಲಿ ನಮ್ಮ ಮುತ್ತಜ್ಜನೂ ಒಬ್ಬ. ದೊರೆಯ ಬಂಗಲೆಗೆಂದು ಎಳೆದ ನೀರಿನ ಪೈಪು ದಾರಿಯಲ್ಲಿದ್ದ ನಮ್ಮ ಬೀದಿಗೂ ಒಂದು ನಲ್ಲಿ ಕೊಟ್ಟಿತು. ರೋಗ ಮುಗಿಯಿತು. ತೋಪಿನಲ್ಲಿದ್ದವರು ಮನೆಗೆ ಬಂದರು. ಶೆಡ್ಡಿನವರಿಗೆ ಬರಲು ಮನೆಯಿರಲಿಲ್ಲ, ಮನೆಯಿದ್ದ ಜಾಗದಲ್ಲಿ ನಮ್ಮ ಪಡಸಾಲೆ ಎದ್ದಿತ್ತು. ಬೇರೆ ಜಾಗ ಅಳೆದು ಕೊಡುತ್ತೇನೆ ಎಂದಿದ್ದ ದೊರೆಗೆ ವರ್ಗವಾಯಿತು.

ಕಥೆ ಮುಗಿಸಿ ಅಜ್ಜಿ ದೊರೆಗೆ ಒಂದಿಷ್ಟು ಶಾಪ ಹಾಕಿದಳು. ನಾನೂ ಬಹಳ ವರ್ಷ ದೊರೆಯನ್ನೇ ಬಯ್ಯುತ್ತಿದ್ದೆ. ಬಿಳಿಯರನ್ನು ಬಯ್ಯುವುದರಲ್ಲಿ ಒಂದು ಸುಖವಿದೆ, ಅವರು ಎದ್ದುಬಂದು ಜಗಳ ಕಾಯುವುದಿಲ್ಲ. ಆದರೆ ಆ ಪುಣ್ಯಾತ್ಮ ನಮ್ಮೂರಲ್ಲಿ ಇದ್ದದ್ದು ರೋಗ ಇದ್ದಷ್ಟು ದಿನ. ಅವನು ಎಳೆಸಿದ ಗೆರೆಯನ್ನು ಮಳೆ ಬಿಸಿಲಿಗೆ ಮಾಸದಂತೆ ಕಾಪಾಡಿಕೊಂಡು ಬಂದವರು ನಾವು. ಅವನಿಗೆ ಮುಂಚೆಯೂ ಕೇರಿ ಕೇರಿಯಾಗಿಯೇ ಇತ್ತು, ಅದು ನಿಜ. ಊರೊಳಗಿತ್ತು, ಅಷ್ಟೆ. ಆ ಅಷ್ಟನ್ನೂ ಕಿತ್ತುಕೊಂಡದ್ದು ಅವನು, ಹಿಂದಕ್ಕೆ ಕೊಡದೇ ಹೋದದ್ದು ನಾವು. ಇದನ್ನು ಬರೆಯುವಾಗ ಬಹಳ ಸಂಕಟವಾಗುತ್ತದೆ.

ಶೆಡ್ಡು ಮಾತ್ರ ಎಲ್ಲರ ಲೆಕ್ಕದಲ್ಲೂ ತಾತ್ಕಾಲಿಕವಾಗಿ ಉಳಿಯಿತು. ನಾನು ಹೈಸ್ಕೂಲಿಗೆ ಬರುವ ಹೊತ್ತಿಗೆ ಊರಲ್ಲಿ ದೊಡ್ಡ ನೀರಿನ ಟ್ಯಾಂಕು ಎದ್ದಿತು, ಮನೆಮನೆಗೂ ನಲ್ಲಿ ಬಂತು. ಪೈಪು ಮೋರಿಯವರೆಗೆ ಹೋಗಿ ನಿಂತಿತು. ಶೆಡ್ಡಿನವರು ಹೋಗಿ ಕೇಳಿದರೆ, ಅದು ಟೆಂಪರವರಿ ಜಾಗ, ಟೆಂಪರವರಿ ಜಾಗಕ್ಕೆ ಪರ್ಮನೆಂಟ್ ಪೈಪು ಹಾಕೋದು ಹೆಂಗೆ ಎಂಬ ಉತ್ತರ. ಉತ್ತರ ಕೊಟ್ಟವರು ಕೆಟ್ಟವರೇನಲ್ಲ, ನಮ್ಮ ಬೀದಿಯವರೇ. ಮನೆಗೆ ಬಂದು ಅಪ್ಪನ ಜೊತೆ ಕಾಫಿ ಕುಡಿಯುತ್ತ, ಪಾಪ, ಅವರದೂ ಕಷ್ಟ ಎಂದು ಲೊಚಗುಟ್ಟುತ್ತಿದ್ದರು. ಹಕ್ಕುಪತ್ರವೂ ಅಷ್ಟೆ, ಟೆಂಪರವರಿ ಜಾಗಕ್ಕೆ ಹಕ್ಕು ಯಾರದು?

ಅಜ್ಜಿ ತೀರಿಹೋಗುವ ಹಿಂದಿನ ವರ್ಷದ ಹೊರಬೀಡು. ಅವಳನ್ನು ಗಾಡಿಯಲ್ಲಿ ಹಾಸಿಗೆ ಹಾಕಿ ತೋಪಿಗೆ ಕರೆದೊಯ್ದಿದ್ದೆವು. ಸಂಜೆ ನಿಂಗಮ್ಮ ಬೀಗದ ಕೈಯನ್ನು ಜಗಲಿಯ ಮೇಲಿಟ್ಟು ತನ್ನ ಮಾತು ಹೇಳಿದಳು. ಅಜ್ಜಿ ಅದನ್ನು ಎತ್ತಿಕೊಳ್ಳಲು ಬಗ್ಗಿದವಳು ಬಗ್ಗಿದ ಹಾಗೆಯೇ ನಿಂತಳು. ಆಮೇಲೆ ಬೀಗದ ಕೈ ಎತ್ತಿಕೊಂಡು ಬೀಗ ತೆಗೆದು, ಜಗಲಿಯ ಮೆಟ್ಟಿಲು ಇಳಿದು, ನಿಂಗಮ್ಮನ ಅಂಗೈ ಹಿಡಿದು ಅದರಲ್ಲಿಟ್ಟು ಬೆರಳು ಮಡಚಿದಳು.

"ಇನ್ನು ಇದು ನಿನ್ನ ಹತ್ರನೇ ಇರಲಿ ನಿಂಗಿ. ವರ್ಷ ವರ್ಷ ಕೊಡೋದು ಇಸ್ಕೊಳ್ಳೋದು ಯಾತಕ್ಕೆ?"

ಕೈಗೆ ಕೈ ತಾಗಿದ್ದನ್ನು ಬೀದಿಯವರು ನೋಡಿದರು. ಅಮ್ಮ ಒಳಗೆ ಹೋಗಿ ಅಜ್ಜಿಯ ಸ್ನಾನಕ್ಕೆ ನೀರು ಕಾಯಿಸಿಟ್ಟಳು. ಅಜ್ಜಿ ಸ್ನಾನ ಮಾಡಲಿಲ್ಲ, ಹಾಗೆಯೇ ಊಟಕ್ಕೆ ಕುಳಿತಳು. ಮುಂದಿನ ವರ್ಷದಿಂದ ನಿಂಗಮ್ಮ ತಾನೇ ಜಗಲಿ ಹತ್ತಿ ಬೀಗ ತಿರುಗಿಸತೊಡಗಿದಳು. ಸಂಜೆ ತಾನೇ ತೆಗೆದು, ನಿಮ್ಮೂರು ನಿಮ್ಗೆ ಎಂದು ಕೆಳಗಿಳಿಯುತ್ತಿದ್ದಳು. ನಮ್ಮಜ್ಜಿ ಬೀಗದ ಕೈ ಕೊಟ್ಟಳು, ಬಾಗಿಲು ಕೊಡಲಿಲ್ಲ. ಅಷ್ಟು ದೂರ ಬರಲು ಅವಳಿಗೆ ಒಂದು ಆಯುಷ್ಯ ಹಿಡಿಯಿತು. ಹೊಸಿಲು ದಾಟಿಸಲು ಇನ್ನೊಂದು ಬೇಕಾಗಿತ್ತೇನೋ.

ಬಾಗಿಲ ಬೀಗದ ಕೈ ವರ್ಷವಿಡೀ ಕೈಯಲ್ಲಿದ್ದರೂ ನಿಂಗಮ್ಮ ಕೇಳಿದ್ದು ಒಂದೇ, ಆ ಒಂದು ದಿನದ ಒಲೆ. ಅದೂ ಉಳಿಯಲಿಲ್ಲ. ಎರಡು ಸಾವಿರದ ಇಸವಿ ದಾಟಿದ ಮೇಲೆ ಒಂದು ಹೊರಬೀಡಿನ ದಿನ ಕ್ಯಾಸೆಟ್ ಅಂಗಡಿಯ ಟೇಪ್ ರೆಕಾರ್ಡರ್ ಕಾಣೆಯಾಯಿತು. ಅಂಗಡಿಯ ಬೀಗ ಒಡೆದಿರಲಿಲ್ಲ, ಆದರೂ ಎಲ್ಲರ ಬೆರಳು ಒಂದೇ ಕಡೆ ತಿರುಗಿತು. ಮಠದ ಜಗಲಿಯಲ್ಲಿ ಸಭೆ ಸೇರಿ, ಕಾಲ ಕೆಟ್ಟಿದೆ, ಇನ್ನು ಮೇಲೆ ಶೆಡ್ಡಿನವರು ಅವರ ಪಾಡಿಗೆ ಇರಲಿ, ನಾವೇ ಕಾವಲಿನವರನ್ನು ಇಟ್ಟುಕೊಳ್ಳೋಣ ಎಂದು ತೀರ್ಮಾನವಾಯಿತು. ಟೇಪ್ ರೆಕಾರ್ಡರ್ ಆಮೇಲೆ ಅಂಗಡಿಯವನ ಭಾವಮೈದುನನ ಮನೆಯಲ್ಲಿ, ನಂಜನಗೂಡಿನಲ್ಲಿ ಸಿಕ್ಕಿತು. ಅದು ವಾಪಸ್ಸು ಬಂತು. ತೀರ್ಮಾನ ವಾಪಸ್ಸು ಬರಲಿಲ್ಲ.

ಅಣ್ಣ ಹೊಳೆಯುವ ಹೊಸ ಬೀಗವೊಂದನ್ನು ತಂದ. ಹಳೆಯದು ಅಟ್ಟಕ್ಕೆ ಹೋಯಿತು. ಮುಂದಿನ ವರ್ಷದ ಹೊರಬೀಡಿನ ಬೆಳಿಗ್ಗೆ ಅಣ್ಣ ಬೀಗ ಒತ್ತಿ, ಅದರ ಕೈಯನ್ನು ಪ್ಯಾಂಟಿನ ಜೇಬಿಗೆ ಹಾಕಿಕೊಂಡು ವ್ಯಾನು ಹತ್ತಿದ. ಈಗ ಗಾಡಿಯಲ್ಲ, ವ್ಯಾನು. ನಾನು ಕಿಟಕಿಯ ಪಕ್ಕ ಕೂತಿದ್ದೆ. ಮೋರಿಯ ಕಡೆಯಿಂದ ನಿಂಗಮ್ಮ ಬರುತ್ತಿದ್ದಳು, ತಲೆಯ ಮೇಲೆ ಸೌದೆ ಹೊರೆ, ಕಂಕುಳಲ್ಲಿ ಮಡಕೆ. ಅವಳಿಗೆ ಯಾರೂ ತಿಳಿಸಿರಲಿಲ್ಲವೋ, ತಿಳಿಸಿದ್ದನ್ನು ನಂಬಿರಲಿಲ್ಲವೋ. ಬಾಗಿಲ ಮುಂದೆ ನಿಂತು ಹೊಸ ಬೀಗವನ್ನು ನೋಡಿದಳು. ಕೈ ತಾನಾಗಿ ಸೆರಗಿನ ಗಂಟಿಗೆ ಹೋಯಿತು. ಕಾವಲಿನವನು ಲಾಠಿ ನೆಲಕ್ಕೆ ಕುಟ್ಟುತ್ತ ಅವಳ ಕಡೆ ನಡೆದ. ವ್ಯಾನು ತಿರುಗಿತು. ಆ ವರ್ಷ ಅಮ್ಮನ ಒಬ್ಬಟ್ಟು ಹರಿಯಲಿಲ್ಲ, ನನ್ನ ಪಾಲಿನದನ್ನು ಅಣ್ಣನ ಎಲೆಗೆ ಹಾಕಿದೆ.

ಶಿವರಾಜು ಓದಿ ತಿ. ನರಸೀಪುರದ ಒಂದು ಆಫೀಸಿನಲ್ಲಿ ಅಟೆಂಡರ್ ಆಗಿದ್ದ. ಒಮ್ಮೆ ಅಲ್ಲಿಯ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕ. ತಾಯಿಗೆ ಕೊಡ ಹೊರುವ ಕಷ್ಟ ತಪ್ಪಿಸೋಣ ಎಂದು ಅಲ್ಲಿ ಬಾಡಿಗೆ ಮನೆ ಹುಡುಕುತ್ತಿದ್ದನಂತೆ. ಮನೆ ಖಾಲಿ ಇದೆ ಎಂದವರು ಊರು ಯಾವುದು ಎಂದು ಕೇಳುತ್ತಾರೆ, ಊರಲ್ಲಿ ಯಾವ ಕಡೆ ಎಂದು ಕೇಳುತ್ತಾರೆ, ಶೆಡ್ಡು ಎಂದ ಕೂಡಲೇ ಮನೆ ಬೇರೆಯವರಿಗೆ ಮಾತಾಗಿಬಿಟ್ಟಿರುತ್ತದೆ. ಇದನ್ನು ಅವನು ನಗುನಗುತ್ತಲೇ ಹೇಳಿದ. ಕೊನೆಗೆ ಸೇತುವೆಯಾಚೆ, ಬಸ್ಸು ಹೋಗದ ಕಡೆ ಒಂದು ಮನೆ ಸಿಕ್ಕಿತಂತೆ. ಆದರೆ ಅವ್ವ ಬರುವುದಿಲ್ಲ ಎನ್ನುತ್ತಾಳೆ, ಒಂದು ಕಡೆ ಎಬ್ಬಿಸಿದ್ದು ಸಾಕು ಎನ್ನುತ್ತಾಳೆ ಎಂದ. ನಾನು ಕಬ್ಬಿನ ಹಾಲು ಕುಡಿಯೋಣ ಬಾ ಎಂದೆ. ನನ್ನ ಬುದ್ಧಿಗೆ ಅಷ್ಟೇ ಹೊಳೆದದ್ದು.

ಅದಾದ ಕೆಲವು ವರ್ಷಕ್ಕೆ ಅಣ್ಣ ನಮ್ಮ ಮನೆ ಕೆಡವಿಸಿದ. ಕೆಳಗೆ ಅಂಗಡಿ, ಮೇಲೆ ವಾಸದ ಮನೆ ಎಂಬ ಲೆಕ್ಕ. ನಾನು ಆಗ ಮೈಸೂರಿನಲ್ಲಿ ಮೇಡಮ್ಮು. ಹಳೆಯ ಸಾಮಾನಿನಲ್ಲಿ ಏನಾದರೂ ಬೇಕಾದರೆ ನೋಡು ಎಂದು ಕರೆದ. ಹೋದೆ. ಮನೆಯಿದ್ದಲ್ಲಿ ಆಕಾಶವಿತ್ತು. ಪಡಸಾಲೆಯ ಕೆಂಪು ಗಾರೆ ಕಿತ್ತು, ಒಳಗಿನ ಮಣ್ಣು ಬಿಸಿಲಿಗೆ ಬಿದ್ದಿತ್ತು. ಹೊಸಿಲೇ ಇರಲಿಲ್ಲ. ಕದ, ಕಂಬ, ತೊಲೆಗಳ ರಾಶಿಯಲ್ಲಿ ಈ ಬೀಗ ಸಿಕ್ಕಿತು. ಗುಜರಿಯವನು ತೂಗಿ ನೋಡಿ, ಬೀಗದ ಕೈ ಇಲ್ವಾ ಮೇಡಂ ಎಂದ. ಇದೆ, ಶೆಡ್ಡಿನಲ್ಲಿದೆ ಎಂದೆ. ಹಾಗೆಂದ ಕೂಡಲೇ ನನಗೆ ಒಂದು ಯೋಚನೆ ಬಂತು. ಪಾಯ ತೆಗೆಯಲು ಇನ್ನೂ ಸಮಯವಿತ್ತು. ದಾಟಬಾರದ ಹೊಸಿಲು ಈಗ ಇಲ್ಲ, ನಡುವೆ ಗೋಡೆಯಿಲ್ಲ. ನಿಂಗಮ್ಮ ಬಂದು ಆ ಮಣ್ಣಿನ ಮೇಲೆಯೇ ಒಂದು ಹೊತ್ತು ಒಲೆ ಹೂಡಲಿ. ನನ್ನ ಉದಾರತೆಗೆ ನನಗೇ ಕಣ್ಣು ತುಂಬಿ, ಬೀಗ ಹಿಡಿದು ಮೋರಿ ದಾಟಿದೆ.

ನಿಂಗಮ್ಮ ಬಾಗಿಲ ಮುಂದಿನ ಚಪ್ಪಡಿ ಕಲ್ಲಿನ ಮೇಲೆ ಕುಳಿತು ಅವರೆಕಾಯಿ ಸುಲಿಯುತ್ತಿದ್ದಳು. ಕಣ್ಣು ಮಂಜಾಗಿತ್ತು. ಒಳಗೆ ಗೋಡೆಯ ಮೇಲೆ ಶಿವರಾಜು ತಂದುಕೊಟ್ಟ ಬುದ್ಧನ ಪಟ, ಮೂಲೆಯಲ್ಲಿ ಸಾಲಾಗಿ ತುಂಬಿಟ್ಟ ಕೊಡಗಳು. ಯಾರು ಎಂದು ಹೇಳಿದ ಮೇಲೆ, ಬನ್ನಿ ಅಮ್ಮಾವ್ರೆ ಎಂದಳು. ಕೂಸೆ ಎನ್ನಲಿಲ್ಲ. ನಾನು ಬೀಗವನ್ನು ಅವಳ ಮಡಿಲಲ್ಲಿಟ್ಟೆ. ಅವಳು ಬೆರಳಿನಿಂದಲೇ ಗುರುತು ಹಿಡಿದಳು. ಸೆರಗಿನ ಗಂಟು ಬಿಚ್ಚಿದಳು. ಹರಳೆಣ್ಣೆ ಹಚ್ಚಿ ಹಚ್ಚಿ ನುಣುಪಾಗಿದ್ದ ಬೀಗದ ಕೈ. ತೂರಿಸಿ ತಿರುಗಿಸಿದ ಕೂಡಲೇ ಬೀಗ ತೆರೆಯಿತು.

ನಾನು ಬಂದ ವಿಷಯ ಹೇಳಿದೆ. ಮನೆ ಬಿದ್ದಿದೆ, ನಿಮ್ಮಜ್ಜಿಯ ಒಲೆಯ ಜಾಗ ಬಯಲಾಗಿದೆ, ನಾಳೆ ಬಂದು ಅಲ್ಲೇ ಒಲೆ ಹೂಡು, ಸೌದೆ ನಾನೇ ತರುತ್ತೇನೆ ಎಂದೆ. ಅವಳು ಅವರೆಕಾಯಿಯ ಕಡೆ ಕೈ ಚಾಚಿ, ಒಂದನ್ನು ಸುಲಿದು ಮುಗಿಸಿ, ಕೇಳಿದಳು.

"ನಿಮ್ಮಣ್ಣಾರು ಏನಂದ್ರು?"

ಅಣ್ಣನಿಗೆ ಹೇಳಿಲ್ಲ, ಅವನು ಸಿಮೆಂಟಿಗೆಂದು ನಂಜನಗೂಡಿಗೆ ಹೋಗುತ್ತಾನೆ, ಸಂಜೆವರೆಗೂ ಬರುವುದಿಲ್ಲ ಎಂದೆ. ನಿಂಗಮ್ಮ ನಕ್ಕಳು. ಕೋಪದ ನಗುವಲ್ಲ, ಚಿಕ್ಕಂದಿನಲ್ಲಿ ನನ್ನ ಪೆದ್ದುತನಕ್ಕೆ ನಗುತ್ತಿದ್ದ ನಗು.

"ಅಂಗಾರೆ ಇದೂ ನೀವಿಲ್ದಾಗ ಬರಾದೇ ಆಯ್ತಲ್ಲ."

ಅಣ್ಣನಿಗೆ ಹೇಳುತ್ತೇನೆ, ಒಪ್ಪಿಸುತ್ತೇನೆ ಎಂದು ತೊದಲಿದೆ. ಅವಳು ಬೇಡವೆಂದು ತಲೆಯಾಡಿಸಿದಳು.

"ಬ್ಯಾಡಿ ಬುಡಿ. ನಮ್ಮಜ್ಜಿ ಅಲ್ಲಿ ದಿನಾ ಒಲೆ ಅಚ್ಚೋಳು. ವರ್ಷಕ್ಕೊಂದಿನ ಅಲ್ಲ."

ಆಮೇಲೆ ಬೀಗವನ್ನು ಸೆರಗಿನಿಂದ ಒರೆಸಿ, ಮುಚ್ಚಿ, ಬೀಗದ ಕೈಯನ್ನು ಹೊರಗೆಳೆದಳು. ನಾನು ಕೈ ಚಾಚಿದೆ. ಅವಳು ಅದನ್ನು ನನ್ನ ಕೈಗೆ ಕೊಡಲಿಲ್ಲ. ನಮ್ಮಿಬ್ಬರ ನಡುವಿನ ಚಪ್ಪಡಿ ಕಲ್ಲಿನ ಅಂಚಿನಲ್ಲಿ, ಎಂದಿನ ಹಾಗೆ, ಇಟ್ಟಳು.

"ತಕ್ಕಳಿ ಅಮ್ಮಾವ್ರೆ, ಒತ್ತು ಮುಳುಗ್ತು. ನಿಮ್ಮೂರು ನಿಮ್ಗೆ."

ಆಗ ಮಟಮಟ ಮಧ್ಯಾಹ್ನ. ಬಗ್ಗಿ ಬೀಗದ ಕೈ ಎತ್ತಿಕೊಂಡೆ, ಬಿಸಿಲಿಗೆ ಕಾದ ಕಲ್ಲು ಬೆರಳು ಸುಟ್ಟಿತು.